‘ಆಗಲಿ, ಆದರೆ ಕೆಲವು ಷರತ್ತು’: ಕಮಲಾ ಭಾಗವತ್ ಪ್ರಕರಣ

1933ರಲ್ಲಿ ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಗೆ ಬಾಂಬೆಯಿಂದ ಒಂದು ಅರ್ಜಿ ಬಂತು. ಅರ್ಜಿದಾರರು ಕಮಲಾ ಭಾಗವತ್, 22 ವರ್ಷ. ಬಾಂಬೆ ವಿಶ್ವವಿದ್ಯಾಲಯದ ಬಿಎಸ್ಸಿ. ಮುಖ್ಯ ವಿಷಯ ರಸಾಯನಶಾಸ್ತ್ರ, ಜೊತೆಗೆ ಭೌತಶಾಸ್ತ್ರ. ಆ ವರ್ಷದ ಮೆರಿಟ್ ಪಟ್ಟಿಯಲ್ಲಿ ಮೊದಲ ಹೆಸರೇ ಅವರದು. ಅಪ್ಪ ನಾರಾಯಣರಾವ್ ಭಾಗವತ್, ಅಪ್ಪನ ಸೋದರ ಮಾಧವರಾವ್, ಇಬ್ಬರೂ ಇದೇ ಸಂಸ್ಥೆಯಲ್ಲಿ ಓದಿದ ರಸಾಯನಶಾಸ್ತ್ರಜ್ಞರು. ಬೆಂಗಳೂರಿಗರ ಬಾಯಲ್ಲಿ ಈಗಲೂ ‘ಟಾಟಾ ಇನ್‌ಸ್ಟಿಟ್ಯೂಟ್’ ಆಗಿರುವ ಆ ಕ್ಯಾಂಪಸ್ಸು ಆ ಮನೆಯವರಿಗೆ ಹೊಸದೇನಲ್ಲ. ಮಗಳೂ ಅಲ್ಲಿಗೇ ಹೋಗುತ್ತಾಳೆ ಅಂತ ಮನೆಯಲ್ಲಿ ಅಂದುಕೊಂಡಿದ್ದರೆ ಅದರಲ್ಲಿ ವಿಚಿತ್ರವೇನೂ ಇರಲಿಲ್ಲ.

ಅರ್ಜಿ ತಿರಸ್ಕಾರವಾಯಿತು. ಕಾರಣ ಅಂಕ ಅಲ್ಲ, ಸೀಟು ಇಲ್ಲ ಅಂತಲೂ ಅಲ್ಲ. ಅರ್ಜಿದಾರರು ಹೆಣ್ಣು. ಸಂಶೋಧನೆ ಹೆಣ್ಣುಮಕ್ಕಳ ಕೈಲಿ ಆಗುವ ಕೆಲಸ ಅಲ್ಲ ಎಂಬುದು ನಿರ್ದೇಶಕರ ನಿಲುವು.

ಆ ನಿರ್ದೇಶಕರು ಸರ್ ಸಿ. ವಿ. ರಾಮನ್. ಮೂರು ವರ್ಷದ ಹಿಂದಷ್ಟೇ, 1930ರಲ್ಲಿ, ನೊಬೆಲ್ ಬಂದಿತ್ತು. ಸಂಸ್ಥೆಗೆ ಮೊದಲ ಭಾರತೀಯ ನಿರ್ದೇಶಕರಾಗಿ ಕಲ್ಕತ್ತಾದಿಂದ ಬೆಂಗಳೂರಿಗೆ ಆಗ ತಾನೇ ಬಂದಿದ್ದರು. ಬಿಳಿಯರಷ್ಟೇ ವಿಜ್ಞಾನ ಮಾಡಬಲ್ಲರು ಎಂಬ ನಂಬಿಕೆಯನ್ನು ತಮ್ಮ ಕೆಲಸದಿಂದಲೇ ಸುಳ್ಳು ಮಾಡಿ ತೋರಿಸಿದವರು ಅವರು. ಅಂಥವರೇ ಇನ್ನೊಂದು ಗುಂಪಿನ ಬಗ್ಗೆ ಅದೇ ಮಾತನ್ನು ನಂಬಿದ್ದರು. ಈ ಪ್ರಕರಣ ನನಗೆ ಮುಖ್ಯ ಅನ್ನಿಸುವುದಕ್ಕೆ ಇದೊಂದು ಕಾರಣ. ಇಲ್ಲಿ ‘ಬೇಡ’ ಅಂದವರು ಓದು ಬರಹ ಇಲ್ಲದ ಯಾರೋ ಹಳೇ ಕಾಲದ ಯಜಮಾನರಲ್ಲ. ಪುರಾವೆ ನೋಡಿ ಮಾತಾಡಬೇಕು ಅಂತ ದೇಶಕ್ಕೆ ಕಲಿಸಿದ ಮನುಷ್ಯ.

ಕಮಲಾ ಸುಮ್ಮನೆ ವಾಪಸ್ ಹೋಗಲಿಲ್ಲ. ನೇರವಾಗಿ ರಾಮನ್ ಅವರನ್ನೇ ಎದುರುಗೊಂಡರು. ಯಾಕೆ ಬೇಡ ಅಂತ ಕಾರಣ ಕೇಳಿದರು. ಪ್ರವೇಶ ಸಿಗುವವರೆಗೆ ಕದಲುವುದಿಲ್ಲ ಅಂತ ಸತ್ಯಾಗ್ರಹದ ದಾರಿ ಹಿಡಿದರು. ಉಪ್ಪಿನ ಸತ್ಯಾಗ್ರಹ ನಡೆದು ಆಗ ಮೂರೇ ವರ್ಷ. ಬಾಂಬೆಯ ಹುಡುಗಿಯರು ಬೀದಿಗಿಳಿದಿದ್ದನ್ನು ಕಂಡ ತಲೆಮಾರು ಅದು. ಸರ್ಕಾರದ ಮುಂದೆ ಹೂಡಿದ ಆ ಹಠವನ್ನು ಒಬ್ಬ ವಿಜ್ಞಾನಿಯ ಕಚೇರಿಗೆ ತಂದರು, ಅಷ್ಟೇ.

ಕೊನೆಗೆ ರಾಮನ್ ಒಪ್ಪಿದರು. ಆದರೆ ಷರತ್ತು ಹಾಕಿ.

ಷರತ್ತುಗಳನ್ನು ಸ್ವಲ್ಪ ಹತ್ತಿರದಿಂದ ನೋಡೋಣ

ಈ ಕತೆ ಹೇಳುವಾಗ ಬಹಳ ಜನ ಸತ್ಯಾಗ್ರಹದ ಹತ್ತಿರ ನಿಂತು ಚಪ್ಪಾಳೆ ತಟ್ಟಿ ಮುಂದೆ ಹೋಗುತ್ತಾರೆ. ನನಗೆ ಆ ಷರತ್ತುಗಳೇ ಜಾಸ್ತಿ ಮಾತಾಡುತ್ತವೆ ಅನ್ನಿಸುತ್ತದೆ. ಮೊದಲ ವರ್ಷ ಅವರು ರೆಗ್ಯುಲರ್ ವಿದ್ಯಾರ್ಥಿ ಅಲ್ಲ, ಪರೀಕ್ಷಾರ್ಥ ಮಾತ್ರ. ಮಾರ್ಗದರ್ಶಕರು ಹೇಳಿದರೆ ತಡರಾತ್ರಿಯವರೆಗೂ ಕೆಲಸ ಮಾಡಬೇಕು. ಅವರು ಇರುವುದರಿಂದ ಲ್ಯಾಬಿನ ವಾತಾವರಣ ಕೆಡಬಾರದು.

ಮೊದಲನೆಯದನ್ನೇ ತಗೊಳ್ಳಿ. ವಿಶ್ವವಿದ್ಯಾಲಯದ ಪಟ್ಟಿಯಲ್ಲಿ ಕಮಲಾ ಕೆಳಗಿದ್ದ ಯಾವ ಹುಡುಗ ಅರ್ಜಿ ಹಾಕಿದ್ದರೂ ಅವನಿಗೆ ಈ ಪರೀಕ್ಷಾ ವರ್ಷ ಇರುತ್ತಿರಲಿಲ್ಲ. ಅವನು ಹೇಗೂ ಮಾಡಬಲ್ಲ ಅಂತಲೇ ಲೆಕ್ಕ. ಮಾಡಲಾಗದಿದ್ದರೆ ಆಗ ನೋಡೋಣ. ಇವರ ವಿಷಯದಲ್ಲಿ ಲೆಕ್ಕ ಉಲ್ಟಾ. ಮಾಡಲಾರರು ಅಂತಲೇ ಶುರು, ಅಲ್ಲ ಅಂತ ತೋರಿಸುವ ಹೊರೆ ಅವರ ತಲೆ ಮೇಲೆ. ಈ ಹೊರೆ ಒಬ್ಬರದ್ದೂ ಅಲ್ಲ. ಆ ಹುಡುಗ ಸೋತರೆ ಅವನೊಬ್ಬ ಸೋತ ಅನ್ನುತ್ತಾರೆ. ಕಮಲಾ ಆ ವರ್ಷ ಜ್ವರ ಬಂದು ಮಲಗಿದ್ದರೆ, ಪ್ರಯೋಗ ಕೈಕೊಟ್ಟಿದ್ದರೆ, ‘ನೋಡಿ, ನಾನು ಮೊದಲೇ ಹೇಳಿದ್ದೆ’ ಅನ್ನಲು ಒಂದು ಉದಾಹರಣೆ ಸಿಕ್ಕಿಬಿಡುತ್ತಿತ್ತು. ಒಂದೇ ಒಂದು ಮಾದರಿ ಇಟ್ಟುಕೊಂಡು ಇಡೀ ಕುಲದ ಬಗ್ಗೆ ತೀರ್ಮಾನ ಮಾಡಬಾರದು ಅಂತ ಎಂಥ ವಿಜ್ಞಾನಿಗೂ ಗೊತ್ತು. ಆದರೂ ಷರತ್ತು ಇದ್ದಿದ್ದು ಹಾಗೇ.

ಎರಡನೆಯದು ಇನ್ನೂ ತಮಾಷೆಯಾಗಿದೆ. ರಾತ್ರಿ ಕೆಲಸ ಮಾಡಬೇಕು. ಇವತ್ತು ನಮ್ಮ ಎಷ್ಟೋ ಕಾಲೇಜುಗಳ ಹೆಣ್ಣುಮಕ್ಕಳ ಹಾಸ್ಟೆಲ್ಲಿನಲ್ಲಿ ನಿಯಮ ಇದಕ್ಕೆ ಸರಿಯಾಗಿ ತಿರುಗಮುರುಗ. ಸಂಜೆ ಇಷ್ಟು ಗಂಟೆಗೆ ಒಳಗೆ ಬಂದು ಸಹಿ ಹಾಕಬೇಕು, ಲೈಬ್ರರಿಗೆ ಹೋಗಲೂ ವಾರ್ಡನ್ ಅನುಮತಿ ಬೇಕು. ಹುಡುಗರ ಹಾಸ್ಟೆಲ್ಲಿಗೆ ಆ ಕಟ್ಟುನಿಟ್ಟಿಲ್ಲ. 2015ರಲ್ಲಿ ದೆಹಲಿಯ ವಿದ್ಯಾರ್ಥಿನಿಯರು ‘ಪಿಂಜರಾ ತೋಡ್’ (ಪಂಜರ ಮುರಿ) ಅಂತ ಚಳವಳಿ ಶುರು ಮಾಡಿದ್ದು ಇದೇ ಗೇಟಿನ ವಿಷಯಕ್ಕೆ. ಒಂದು ಕಡೆ ರಾತ್ರಿ ಇರಲೇಬೇಕು, ಇನ್ನೊಂದು ಕಡೆ ರಾತ್ರಿ ಇರಲೇಬಾರದು. ಎರಡರಲ್ಲೂ ಅವಳ ರಾತ್ರಿಯ ಸಮಯ ಯಾವುದಕ್ಕೆ ಅಂತ ತೀರ್ಮಾನ ಮಾಡುವವರು ಬೇರೆಯವರೇ. ಲ್ಯಾಬ್ ಕೆಲಸ ಗಡಿಯಾರ ನೋಡಿ ನಡೆಯುವುದಿಲ್ಲ ಅಲ್ವಾ? ಒಂಬತ್ತಕ್ಕೆ ಗೇಟು ಹಾಕಿದರೆ ಏಳೂವರೆಗೇ ಪ್ರಯೋಗ ನಿಲ್ಲಿಸಿ ಎದ್ದು ಬರಬೇಕು. ಪಕ್ಕದ ಮೇಜಿನ ಹುಡುಗ ಹನ್ನೊಂದರವರೆಗೆ ಕೂರುತ್ತಾನೆ. ವರ್ಷದ ಕೊನೆಗೆ ಯಾರ ಕೆಲಸ ಹೆಚ್ಚು ಆಗಿದೆ ಅಂತ ನೋಡಿದಾಗ ಈ ಗೇಟಿನ ವಿಷಯ ಯಾರಿಗೂ ನೆನಪಿರುವುದಿಲ್ಲ.

ಮೂರನೆಯದು, ವಾತಾವರಣ. ಗಂಡಸರ ಗಮನ ಕೆಟ್ಟರೆ ಅದು ಗಂಡಸರ ಸಮಸ್ಯೆ ಅಂತ ಯಾರಿಗೂ ಹೊಳೆಯಲಿಲ್ಲ. ಕಮಲಾ ಏನೂ ಮಾಡುವ ಮೊದಲೇ ಹೊಣೆ ಅವರದಾಯಿತು. ಇದು ಆ ಕಾಲದ ಮಾತು, ಬಿಡಿ ಅನ್ನುವವರಿಗೆ 2015ರ ಜೂನ್ ನೆನಪಿಸಬೇಕು. ದಕ್ಷಿಣ ಕೊರಿಯಾದ ಸೋಲ್ ನಗರದಲ್ಲಿ ವಿಜ್ಞಾನ ಪತ್ರಕರ್ತರ ಸಮ್ಮೇಳನ. ಅಲ್ಲಿ 2001ರ ನೊಬೆಲ್ ವಿಜೇತ ಟಿಮ್ ಹಂಟ್ ಮಾತಾಡುತ್ತಾ, ಲ್ಯಾಬಿನಲ್ಲಿ ಹುಡುಗಿಯರಿದ್ದರೆ ಪ್ರೀತಿ ಪ್ರೇಮ ಶುರುವಾಗುತ್ತದೆ, ಟೀಕೆ ಮಾಡಿದರೆ ಅವರು ಅಳುತ್ತಾರೆ ಎಂಬರ್ಥದ ಮಾತಾಡಿದರು. ಗಲಾಟೆ ಎದ್ದ ಮೇಲೆ ತಮಾಷೆಗೆ ಹೇಳಿದ್ದು ಅಂದರು. ಲಂಡನ್ನಿನ ವಿಶ್ವವಿದ್ಯಾಲಯವೊಂದರ ಗೌರವ ಹುದ್ದೆ ಬಿಡಬೇಕಾಯಿತು. ಮಹಿಳಾ ವಿಜ್ಞಾನಿಗಳು ಗೌನು, ಗಂಬೂಟು, ಮುಖಗವಸು ಹಾಕಿಕೊಂಡು ಕೆಸರಲ್ಲಿ, ಸಗಣಿಯಲ್ಲಿ ಕೆಲಸ ಮಾಡುವ ಫೋಟೋ ಹಾಕಿ ‘ನಮ್ಮನ್ನು ನೋಡಿ ಗಮನ ಕೆಡುತ್ತಂತೆ’ ಅಂತ ನಕ್ಕರು. ಹಂಟ್ ಅವರಿಗೆ ಆಗಿದ್ದು ಸ್ವಲ್ಪ ಜಾಸ್ತಿಯೇ ಆಯಿತು ಅಂತ ನನಗೂ ಅನ್ನಿಸಿತ್ತು. ಆದರೆ 1933ಕ್ಕೂ 2015ಕ್ಕೂ 82 ವರ್ಷ ಅಂತರ. ಹೇಳಿದವರು ಇಬ್ಬರೂ ನೊಬೆಲ್ ವಿಜೇತರು. ಮಾತು ಅದೇ.

ಒಂದು ವರ್ಷ ಕಳೆದ ಮೇಲೆ

ಕಮಲಾಗೆ ಸಿಕ್ಕ ಮಾರ್ಗದರ್ಶಕರು ಜೀವರಸಾಯನ ವಿಭಾಗದ ಎಂ. ಶ್ರೀನಿವಾಸಯ್ಯ. ಬಹಳ ಶಿಸ್ತಿನ ಮೇಷ್ಟ್ರು. ಕಟ್ಟುನಿಟ್ಟಾಗಿ ದುಡಿಸಿಕೊಂಡರು, ಅಷ್ಟೇ ಮನಸ್ಸಿಟ್ಟು ಕಲಿಸಿದರು. ಕಮಲಾ ಹಾಲಿನಲ್ಲಿರುವ ಪ್ರೋಟೀನ್, ಬೇಳೆಕಾಳುಗಳ ಪ್ರೋಟೀನ್ ಮೇಲೆ ಕೆಲಸ ಮಾಡಿದರು. ಅನ್ನ ಬೇಳೆಯಲ್ಲೇ ಹೊಟ್ಟೆ ತುಂಬಿಸಿಕೊಳ್ಳುವ ದೇಶಕ್ಕೆ ಇದಕ್ಕಿಂತ ಹತ್ತಿರದ ವಿಷಯ ಯಾವುದಿದೆ? ವರ್ಷ ಮುಗಿದಾಗ ರಾಮನ್‌ಗೆ ತೃಪ್ತಿಯಾಯಿತು. ಕಮಲಾ ರೆಗ್ಯುಲರ್ ವಿದ್ಯಾರ್ಥಿ ಆದರು. ಹೆಣ್ಣುಮಕ್ಕಳಿಗೆ ಪ್ರವೇಶ ಕೊಡುವುದಕ್ಕೂ ರಾಮನ್ ಒಪ್ಪಿದರು. 1936ರಲ್ಲಿ ಕಮಲಾಗೆ ಡಿಸ್ಟಿಂಕ್ಷನ್ನಿನಲ್ಲಿ ಎಂಎಸ್ಸಿ ಬಂತು.

‘ಮೊದಲ ಮಹಿಳೆ’ ಅನ್ನುವ ಪಟ್ಟ ಕಟ್ಟುವ ಆಟಕ್ಕೆ ನಾನು ಹೋಗುವುದಿಲ್ಲ. ವಿಜ್ಞಾನದಲ್ಲಿ ಪಿಎಚ್‌ಡಿ ಪಡೆದ ಮೊದಲ ಭಾರತೀಯ ಮಹಿಳೆ ಕಮಲಾ ಎಂದು ಎಲ್ಲ ಕಡೆ ಬರೆಯುತ್ತಾರೆ. ಆದರೆ ಸಸ್ಯವಿಜ್ಞಾನಿ ಜಾನಕಿ ಅಮ್ಮಾಳ್ 1931ರಲ್ಲೇ ಅಮೆರಿಕದ ಮಿಷಿಗನ್ ವಿಶ್ವವಿದ್ಯಾಲಯದಿಂದ ಡಿಎಸ್ಸಿ, ಅದೂ ಡಾಕ್ಟರೇಟೇ, ಪಡೆದಿದ್ದರು. ಹಾಗೆ ಪಟ್ಟ ಕಟ್ಟುವುದರಲ್ಲಿ ಒಂದು ತೊಂದರೆಯೂ ಇದೆ. ಆಕೆ ಅಪರೂಪದವಳು ಅಂತ ಒಪ್ಪಿಕೊಂಡುಬಿಟ್ಟರೆ ಉಳಿದವರು ಯಾಕೆ ಬರಲಿಲ್ಲ ಅನ್ನುವ ಪ್ರಶ್ನೆ ಅಲ್ಲೇ ಮುಚ್ಚಿಹೋಗುತ್ತದೆ. ಕಮಲಾ ಬೆನ್ನಿಗೆ ಓದಿದ ಮನೆ ಇತ್ತು, ಇಂಗ್ಲಿಷ್ ಇತ್ತು, ದೂರದ ಊರಿಗೆ ಒಬ್ಬಳನ್ನೇ ಕಳಿಸುವ ಧೈರ್ಯ ಇದ್ದ ಅಪ್ಪ ಇದ್ದರು. ಅವರಿಗೇ ಬಾಗಿಲಲ್ಲಿ ಇಷ್ಟು ಕಷ್ಟ ಆಯಿತು ಅಂದರೆ, ಇದ್ಯಾವುದೂ ಇಲ್ಲದ ಮನೆಯ, ಕೆಳಜಾತಿ ಅನ್ನಿಸಿಕೊಂಡವರ ಮನೆಯ ಹುಡುಗಿ ಆ ಬಾಗಿಲಿನವರೆಗೂ ಬಂದಿರುವುದು ಸಾಧ್ಯವೇ?

ರಾಮನ್ ಅವರನ್ನು ಖಳನಾಯಕ ಮಾಡುವ ಮೊದಲು

ಅದು ಸುಲಭ, ಆದರೆ ಸರಿಯಾಗುವುದಿಲ್ಲ. ರಾಮನ್ 1934ರಲ್ಲಿ ಬೆಂಗಳೂರಿನಲ್ಲೇ ಇಂಡಿಯನ್ ಅಕಾಡೆಮಿ ಆಫ್ ಸೈನ್ಸಸ್ ಕಟ್ಟಿದರು. ಮರುವರ್ಷವೇ ಜಾನಕಿ ಅಮ್ಮಾಳ್ ಅದರ ಫೆಲೋ ಆದರು. ಅಂದರೆ ಹೆಣ್ಣು ವಿಜ್ಞಾನಿ ಇರಬಾರದು ಎಂಬ ಹಠ ಅವರಿಗೆ ಇರಲಿಲ್ಲ. ಕೊಯಮತ್ತೂರಿನ ಕಬ್ಬಿನ ಕೇಂದ್ರದಲ್ಲಿ ಕೂತು ಕೆಲಸ ಮಾಡುವ, ಆಗಲೇ ಹೆಸರು ಮಾಡಿದ ಹೆಣ್ಣಿಗೆ ಗೌರವ ಕೊಡಲು ತೊಂದರೆ ಇರಲಿಲ್ಲ. ತೊಂದರೆ ಇದ್ದದ್ದು ಇನ್ನೂ ಏನೂ ಸಾಧಿಸದ, ನಾಳೆ ಬೆಳಿಗ್ಗೆ ಇದೇ ಕಾರಿಡಾರಿನಲ್ಲಿ ನಡೆದು ಬರುವ 22ರ ಹುಡುಗಿಯ ಬಗ್ಗೆ. ನಮ್ಮ ಸುತ್ತಲೂ ಇದನ್ನು ನೋಡಬಹುದು. ಕಲ್ಪನಾ ಚಾವ್ಲಾ ಭಾವಚಿತ್ರ ಗೋಡೆಗೆ ಹಾಕಿದ ಕಾಲೇಜಿನಲ್ಲೇ ಸಂದರ್ಶನಕ್ಕೆ ಬಂದವಳನ್ನು ‘ಮದುವೆ ಯಾವಾಗಮ್ಮಾ?’ ಅಂತ ಕೇಳುತ್ತಾರೆ.

ರಾಮನ್ ಲ್ಯಾಬಿಗೆ ಆಮೇಲೆ ಹೆಣ್ಣುಮಕ್ಕಳು ಬಂದರು. ಮುಂದೆ ಖಗೋಳ ವಿಜ್ಞಾನಿ ಎಸ್. ಚಂದ್ರಶೇಖರ್ ಅವರನ್ನು ಮದುವೆಯಾದ ಲಲಿತಾ, ಸುನಂದಾ ಬಾಯಿ, ಅನ್ನಾ ಮಣಿ. ಅನ್ನಾ ಮಣಿ ಕತೆಯನ್ನು ಇಲ್ಲಿ ಹೇಳಲೇಬೇಕು. ತಿರುವಾಂಕೂರಿನ ಪೀರ್ಮೇಡಿನವರು. 1940ರಲ್ಲಿ ಸ್ಕಾಲರ್‌ಶಿಪ್ ಪಡೆದು ಬೆಂಗಳೂರಿಗೆ ಬಂದರು. ರಾಮನ್ ಹತ್ತಿರ ವಜ್ರಗಳ ದೊಡ್ಡ ಸಂಗ್ರಹವೇ ಇತ್ತು. ಆ ವಜ್ರಗಳನ್ನು ದ್ರವವಾಯುವಿನಲ್ಲಿ ತಣ್ಣಗೆ ಮಾಡಿ, ಅವು ಚೆಲ್ಲುವ ಮಸುಕು ಬೆಳಕನ್ನು ಫೋಟೋ ಪ್ಲೇಟಿನ ಮೇಲೆ ಹಿಡಿಯುವುದು ಅನ್ನಾ ಕೆಲಸ. ಬೆಳಕು ಎಷ್ಟು ಕಡಿಮೆ ಅಂದರೆ ಒಂದೊಂದು ಪ್ಲೇಟಿಗೆ 15ರಿಂದ 20 ಗಂಟೆ ಬೇಕು. ಎಷ್ಟೋ ರಾತ್ರಿ ಲ್ಯಾಬಿನಲ್ಲೇ ಮಲಗಿದರು. 1942ರಿಂದ 1945ರ ಒಳಗೆ ಒಬ್ಬರದೇ ಹೆಸರಿನಲ್ಲಿ ಐದು ಪ್ರಬಂಧ ಬಂದವು. 1945ರ ಆಗಸ್ಟಿನಲ್ಲಿ ಪಿಎಚ್‌ಡಿ ಪ್ರಬಂಧ ಬರೆದು ಮದ್ರಾಸ್ ವಿಶ್ವವಿದ್ಯಾಲಯಕ್ಕೆ ಕೊಟ್ಟರು. ಆಗ ಬೆಂಗಳೂರಿನ ಸಂಸ್ಥೆ ತಾನೇ ಪದವಿ ಕೊಡುತ್ತಿರಲಿಲ್ಲ.

ಪಿಎಚ್‌ಡಿ ಸಿಗಲಿಲ್ಲ. ಅವರಿಗೆ ಎಂಎಸ್ಸಿ ಪದವಿ ಇಲ್ಲ ಅಂತ ಮದ್ರಾಸ್ ಹೇಳಿತು. ಅವರ ಹತ್ತಿರ ಇದ್ದದ್ದು ಆನರ್ಸ್ ಬಿಎಸ್ಸಿ. ಐದು ವರ್ಷದ ಕೆಲಸ ಒಂದು ಕಾಗದದ ಮುಂದೆ ನಿಂತಿತು. ಇಲ್ಲಿ ಯಾರೂ ‘ನೀನು ಹೆಣ್ಣು’ ಅನ್ನಲಿಲ್ಲ. ನಿಯಮ ಅಂದರು. ಅದಕ್ಕೇ ಇದನ್ನು ಪಕ್ಷಪಾತ ಅಂತ ಸಾಬೀತು ಮಾಡುವುದು ಕಷ್ಟ. ಅದೇ ಸಂಸ್ಥೆಗೆ 1943ರಲ್ಲಿ ಬಂದ ನಮ್ಮ ರಾಜೇಶ್ವರಿ ಚಟರ್ಜಿ ಕತೆಯೂ ಇದೇ ಜಾಡಿನದು. ಬೆಂಗಳೂರಿನ ಸೆಂಟ್ರಲ್ ಕಾಲೇಜಿನಲ್ಲಿ ಗಣಿತ ಎಂಎಸ್ಸಿ ಮಾಡಿ ರಾಮನ್ ಬಳಿ ಸಂಶೋಧನೆಗೆ ಹೋದಾಗ, ಭೌತಶಾಸ್ತ್ರದ ಪದವಿ ಇಲ್ಲ ಎಂಬ ಕಾರಣಕ್ಕೆ ಆಗಲಿಲ್ಲ ಅಂತ ಹೇಳುತ್ತಾರೆ. ಅವರು ಎಲೆಕ್ಟ್ರಿಕಲ್ ವಿಭಾಗ ಸೇರಿದರು. ಮಿಷಿಗನ್ನಿಗೆ ಹೋಗಿ ಪಿಎಚ್‌ಡಿ ಮುಗಿಸಿ 1953ರಲ್ಲಿ ಅದೇ ಸಂಸ್ಥೆಗೆ ಮೇಷ್ಟ್ರಾಗಿ ಬಂದರು. ಮೈಕ್ರೋವೇವ್ ಸಂಶೋಧನೆ ಬೆಳೆಸಿದರು, ಮುಂದೆ ವಿಭಾಗದ ಮುಖ್ಯಸ್ಥರೂ ಆದರು. ಅನ್ನಾ ಮಣಿ ಲಂಡನ್ನಿಗೆ ಹೋಗಿ ಹವಾಮಾನ ಉಪಕರಣಗಳ ಕಡೆ ತಿರುಗಿದರು. ಪುಣೆಯ ಹವಾಮಾನ ಇಲಾಖೆಯಲ್ಲಿ ನೂರರಷ್ಟು ಉಪಕರಣಗಳ ನಕ್ಷೆಗಳನ್ನು ಒಂದು ಅಳತೆಗೆ ತಂದರು. ತಾವು ಹೆಣ್ಣಾಗಿ ವಿಜ್ಞಾನ ಮಾಡಿದ್ದನ್ನು ದೊಡ್ಡ ಸುದ್ದಿ ಮಾಡುವುದು ಅವರಿಗೆ ಹಿಡಿಸುತ್ತಲೇ ಇರಲಿಲ್ಲ. ಆ ಮಾತಿಗೂ ಗೌರವ ಕೊಡಬೇಕು. ಆದರೆ ಅವರು ದೂರಲಿಲ್ಲ ಅಂದ ಮಾತ್ರಕ್ಕೆ ಆ ಪಿಎಚ್‌ಡಿ ಸಿಕ್ಕಂತೆ ಆಗುವುದಿಲ್ಲವಲ್ಲ.

ನಿಯಮದ ಹಿಂದೆ, ‘ಅರ್ಹತೆ’ ಎಂಬ ಮಾತಿನ ಹಿಂದೆ ಏನು ಕೂತಿರುತ್ತದೆ ಎಂಬುದಕ್ಕೆ 2012ರಲ್ಲಿ ಅಮೆರಿಕದ ಯೇಲ್ ವಿಶ್ವವಿದ್ಯಾಲಯದವರು ಒಂದು ಪ್ರಯೋಗ ಮಾಡಿದರು. ಲ್ಯಾಬ್ ಮ್ಯಾನೇಜರ್ ಕೆಲಸಕ್ಕೆ ಒಂದೇ ಅರ್ಜಿ. ಅದನ್ನು 127 ವಿಜ್ಞಾನ ಪ್ರಾಧ್ಯಾಪಕರಿಗೆ ಕಳಿಸಿದರು. ಕೆಲವರಿಗೆ ಹೋದ ಪ್ರತಿಯಲ್ಲಿ ಹೆಸರು ಜಾನ್, ಉಳಿದವರ ಪ್ರತಿಯಲ್ಲಿ ಜೆನಿಫರ್. ಬೇರೆ ಒಂದಕ್ಷರ ವ್ಯತ್ಯಾಸ ಇಲ್ಲ. ಜೆನಿಫರ್‌ಗೆ ಸಾಮರ್ಥ್ಯ ಕಡಿಮೆ ಅಂತ ಅಂಕ ಬಂತು. ವರ್ಷದ ಸಂಬಳ ಜಾನ್‌ಗೆ ಸರಾಸರಿ 30,238 ಡಾಲರ್, ಆಕೆಗೆ 26,508. ಮಹಿಳಾ ಪ್ರಾಧ್ಯಾಪಕರೂ ಗಂಡಸರ ಹಾಗೇ ಅಂಕ ಕೊಟ್ಟಿದ್ದರು. ಕೆಟ್ಟ ಮನಸ್ಸಿನ ಗಂಡಸರು ಒಂದಿಬ್ಬರು ಇದ್ದಾರೆ, ಅವರನ್ನು ತೆಗೆದರೆ ಸರಿಹೋಗುತ್ತದೆ ಎಂಬ ಸಮಾಧಾನ ಇದಾದ ಮೇಲೆ ಉಳಿಯುವುದಿಲ್ಲ.

ಕೇಂಬ್ರಿಜ್, ಅಲ್ಲಿಯೂ ಅರ್ಧ ಬಾಗಿಲು

ಕಮಲಾ 1937ರಲ್ಲಿ ಕೇಂಬ್ರಿಜ್‌ನ ನ್ಯೂನ್‌ಹ್ಯಾಮ್ ಕಾಲೇಜು ಸೇರಿದರು. ಜೀವರಸಾಯನ ವಿಜ್ಞಾನಿ ಫ್ರೆಡರಿಕ್ ಹಾಪ್ಕಿನ್ಸ್ ಲ್ಯಾಬಿನಲ್ಲಿ ಮೊದಲು ಡೆರೆಕ್ ರಿಕ್ಟರ್ ಜೊತೆ, ಆಮೇಲೆ ರಾಬಿನ್ ಹಿಲ್ ಜೊತೆ ಕೆಲಸ. ಆಲೂಗಡ್ಡೆ ಮೇಲೆ ಪ್ರಯೋಗ ಮಾಡುತ್ತಾ ಸಸ್ಯಕೋಶಗಳಲ್ಲೂ ಸೈಟೋಕ್ರೋಮ್ ಸಿ ಇದೆ ಅಂತ ಕಂಡರು. ಕೋಶ ಉಸಿರಾಡುವ ಕೆಲಸದಲ್ಲಿ ಎಲೆಕ್ಟ್ರಾನ್ ಸಾಗಿಸುವ ಪ್ರೋಟೀನ್ ಅದು. ಪಿಎಚ್‌ಡಿ ಪ್ರಬಂಧ 40 ಪುಟ, 14 ತಿಂಗಳಲ್ಲಿ ಮುಗಿಯಿತು. ಬೆಂಗಳೂರಿನಲ್ಲಿ ಒಂದು ವರ್ಷ ‘ಮಾಡಬಲ್ಲಳೋ ಇಲ್ಲವೋ’ ಅಂತ ಪರೀಕ್ಷೆಗಿಟ್ಟ ಹುಡುಗಿ ಇವರೇ.

ಕೇಂಬ್ರಿಜ್ ಉದಾರ, ಬೆಂಗಳೂರು ಸಂಕುಚಿತ ಅಂತ ಬರೆದರೆ ಓದಲು ಚೆನ್ನಾಗಿರುತ್ತದೆ. ಆದರೆ 1939ರಲ್ಲಿ ಕಮಲಾ ಪಿಎಚ್‌ಡಿ ಪಡೆದಾಗ ಕೇಂಬ್ರಿಜ್ ಹೆಣ್ಣುಮಕ್ಕಳಿಗೆ ಕೊಡುತ್ತಿದ್ದದ್ದು ಪದವಿಯ ಹೆಸರು ಮಾತ್ರ. ವಿಶ್ವವಿದ್ಯಾಲಯದ ಪೂರ್ಣ ಸದಸ್ಯತ್ವ, ಅದರ ಹಕ್ಕು ಇರಲಿಲ್ಲ. ಗಂಡಸರಿಗೆ ಸಮನಾದ ಪದವಿ ಸಿಕ್ಕಿದ್ದು 1948ರಲ್ಲಿ. ಹಾಗಾಗಿ ಇದನ್ನು ನಮ್ಮ ದೇಶದ ಹಿಂದುಳಿದಿರುವಿಕೆ ಅಂತ ಒಂದೇ ಮಾತಲ್ಲಿ ಮುಗಿಸಲು ಆಗುವುದಿಲ್ಲ.

ಷರತ್ತೇ ಇಲ್ಲದ ವಿಳಂಬ

ವಾಪಸ್ ಬಂದು ದೆಹಲಿಯ ಲೇಡಿ ಹಾರ್ಡಿಂಜ್ ಕಾಲೇಜು, ಆಮೇಲೆ ಕೂನೂರಿನ ಪೋಷಣಾ ಸಂಶೋಧನಾಲಯ. 1947ರಲ್ಲಿ ಎಂ. ವಿ. ಸೋಹೋನಿ ಅವರನ್ನು ಮದುವೆಯಾಗಿ ಬಾಂಬೆಗೆ ಹೋದರು. ಅಲ್ಲಿನ ರಾಯಲ್ ಇನ್‌ಸ್ಟಿಟ್ಯೂಟ್ ಆಫ್ ಸೈನ್ಸ್‌ನಲ್ಲಿ ಜೀವರಸಾಯನ ಕಲಿಸಿದರು. ಈಗ ಎಲ್ಲರಿಗೂ ಕಮಲಾ ಸೋಹೋನಿ ಅಂತಲೇ ಗೊತ್ತು. ಬಡವರು ತಿನ್ನುವ ಆಹಾರವೇ ಅವರ ವಿಷಯ. ರಾಷ್ಟ್ರಪತಿ ರಾಜೇಂದ್ರ ಪ್ರಸಾದ್ ಸಲಹೆಯಂತೆ ನೀರಾ ಮೇಲೆ ಕೆಲಸ ಮಾಡಿ, ಅದರಲ್ಲಿ ಎಷ್ಟು ಪೋಷಕಾಂಶ ಇದೆ, ಅಪೌಷ್ಟಿಕತೆಯಿಂದ ನರಳುವ ಮಕ್ಕಳು ಮತ್ತು ಗರ್ಭಿಣಿಯರಿಗೆ ಹೇಗೆ ನೆರವಾಗುತ್ತದೆ ಅಂತ ತೋರಿಸಿದರು. ಅದಕ್ಕೆ ರಾಷ್ಟ್ರಪತಿ ಪ್ರಶಸ್ತಿಯೂ ಬಂತು.

ಇಷ್ಟೆಲ್ಲ ಆದ ಮೇಲೂ ಬಾಂಬೆಯ ಆ ಸಂಸ್ಥೆಯ ನಿರ್ದೇಶಕ ಸ್ಥಾನ ಅವರಿಗೆ ಸಿಗಬೇಕಾದ ಹೊತ್ತಿಗೆ ಸಿಗಲಿಲ್ಲ. ಒಳರಾಜಕೀಯದಲ್ಲಿ ನಾಲ್ಕು ವರ್ಷ ತಡವಾಗಿ ಬಂತು. ಈ ನಾಲ್ಕು ವರ್ಷದ ಬಗ್ಗೆ ಜನ ಅಷ್ಟಾಗಿ ಬರೆಯುವುದಿಲ್ಲ. ಇದರಲ್ಲಿ ನಾಟಕ ಇಲ್ಲ, ನೊಬೆಲ್ ವಿಜೇತರಿಲ್ಲ. ನನಗೆ ಮಾತ್ರ ಇಡೀ ಪ್ರಕರಣದ ಕಠಿಣ ಭಾಗ ಇದೇ ಅನ್ನಿಸುತ್ತದೆ. ರಾಮನ್ ಮುಖ ನೋಡಿ ‘ಬೇಡ’ ಅಂದಿದ್ದರು. ಆ ಮಾತಿಗೆ ಉತ್ತರ ಕೊಡಬಹುದಿತ್ತು, ಅವರ ಕಚೇರಿ ಎದುರು ಕೂರಬಹುದಿತ್ತು. ಷರತ್ತು ಹಾಕಿದರು, ಷರತ್ತು ಪೂರೈಸಿ ತೋರಿಸಬಹುದಿತ್ತು. ಬಡ್ತಿ ಫೈಲು ಸುಮ್ನೆ ನಿಧಾನವಾದರೆ ಯಾರ ಎದುರು ಕೂರುವುದು?

1997ರಲ್ಲಿ ಭಾರತೀಯ ಮಹಿಳಾ ವಿಜ್ಞಾನಿಗಳ ಸಂಘದವರು ಸನ್ಮಾನ ಮಾಡಿದಾಗ ಅವರು ಹಳೆಯದನ್ನು ಮುಚ್ಚಿಡಲಿಲ್ಲ. ರಾಮನ್ ದೊಡ್ಡ ವಿಜ್ಞಾನಿ, ಆದರೆ ಮನಸ್ಸು ಬಹಳ ಸಂಕುಚಿತ ಎಂದರು. ತಾನು ಹೆಣ್ಣು ಎಂಬ ಒಂದೇ ಕಾರಣಕ್ಕೆ ಆದ ಆ ಅವಮಾನ ಮರೆತಿಲ್ಲ ಎಂದರು. ಕೆಲಸದ ಜಾಗದಲ್ಲಿ ಲೈಂಗಿಕ ಕಿರುಕುಳ ತಡೆಯುವ ವಿಶಾಖಾ ಮಾರ್ಗಸೂಚಿಯನ್ನು ಸುಪ್ರೀಂ ಕೋರ್ಟ್ ಕೊಟ್ಟಿದ್ದೂ ಅದೇ ವರ್ಷ. ಮರುವರ್ಷ ಕಮಲಾ ತೀರಿಕೊಂಡರು. ಅಷ್ಟು ಹಳೇ ವಿಷಯ, ಇನ್ನೂ ಯಾಕೆ ಎತ್ತಬೇಕಿತ್ತು ಅಂತ ಕೇಳುವವರಿದ್ದಾರೆ. ಅವಮಾನ ಮಾಡಿದವರಿಗೆ ಹಳೇ ವಿಷಯ, ಅಷ್ಟೇ.

ಈಗ ಪ್ರವೇಶದ ಬಾಗಿಲಲ್ಲಿ ಅಂಥ ಜಗಳ ಇಲ್ಲ. ಉನ್ನತ ಶಿಕ್ಷಣದ ಸರ್ಕಾರಿ ಸಮೀಕ್ಷೆ ಪ್ರಕಾರ 2021–22ರಲ್ಲಿ ದೇಶದ 2.13 ಲಕ್ಷ ಪಿಎಚ್‌ಡಿ ವಿದ್ಯಾರ್ಥಿಗಳಲ್ಲಿ ಸುಮಾರು 99 ಸಾವಿರ ಮಹಿಳೆಯರು. ಹತ್ತಿರಹತ್ತಿರ ಅರ್ಧ. ಆದರೆ ಸಂಶೋಧನೆಯಲ್ಲಿ ನೇರವಾಗಿ ತೊಡಗಿದವರ 2018ರ ಲೆಕ್ಕದಲ್ಲಿ ಅವರ ಪಾಲು ಶೇ 16.6. ಎರಡು ಅಂಕಿಗಳ ನಡುವೆ ಮದುವೆ, ಬಾಣಂತನ, ವಯಸ್ಸಿನ ಮಿತಿ, ಗಂಡನ ವರ್ಗಾವಣೆ, ಆಯ್ಕೆ ಸಮಿತಿಯ ಪಿಸುಮಾತು ಎಲ್ಲವೂ ಕೂತಿದೆ. ಬಡ್ತಿಯ ನಾಲ್ಕು ವರ್ಷವೂ ಅಲ್ಲೇ ಇದೆ.

ನಿಮ್ಮ ಕಾಲೇಜು, ವಿಶ್ವವಿದ್ಯಾಲಯದ ವಾರ್ಷಿಕ ವರದಿಯಲ್ಲಿ ಹುಡುಗಿಯರೆಷ್ಟು, ಶಿಕ್ಷಕಿಯರೆಷ್ಟು ಎಂಬ ಅಂಕಿ ಸಿಕ್ಕೇ ಸಿಗುತ್ತದೆ. ಅಲ್ಲಿ ನಿಲ್ಲಬೇಡಿ. ಬಡ್ತಿಗೆ ಅರ್ಹತೆ ಬಂದ ತಾರೀಖು ಯಾವುದು, ಆದೇಶ ಕೈಗೆ ಬಂದ ತಾರೀಖು ಯಾವುದು, ಗಂಡಸರದ್ದು ಬೇರೆ, ಹೆಂಗಸರದ್ದು ಬೇರೆ ಕೊಡಿ ಅಂತ ಕೇಳಿ. ಸರ್ಕಾರಿ ಸಂಸ್ಥೆಯಾದರೆ ಮಾಹಿತಿ ಹಕ್ಕಿನ ಅರ್ಜಿಗೆ ಶುಲ್ಕ 10 ರೂಪಾಯಿ, ಉತ್ತರ ಕೊಡಲು ಅವರಿಗಿರುವ ಅವಧಿ 30 ದಿನ.